ಬಾಲಮಂದಿರದ ಬ್ಯಾಂಡು



ಕಂಪ್ಯೂಟರ್ ಬಗ್ಗೆ ನಾಲ್ಕು ಮಾತಾಡು ಎಂದು ಸಮಿತಿಯವರು ಹೇಳಿದ್ದರು. ಅದನ್ನು ಈಗಿನ ಮಕ್ಕಳೇ ನನಗೆ ಹೇಳಿಕೊಡುತ್ತಾರೆ. ನಾನು ಲೂಯಿ ಆರ್ಮ್‌ಸ್ಟ್ರಾಂಗ್ ಎಂಬ ಟ್ರಂಪೆಟ್ ವಾದಕನ ವಿಷಯ ಹೇಳುತ್ತೇನೆ. ಟ್ರಂಪೆಟ್ ಅಂದರೆ ಮದುವೆ ಮೆರವಣಿಗೆಯಲ್ಲಿ ಬ್ಯಾಂಡ್‌ಸೆಟ್‌ನವರು ಊದುತ್ತಾರಲ್ಲ, ಆ ಹಿತ್ತಾಳೆ ವಾದ್ಯ.

ಅವನು ಹುಟ್ಟಿದ್ದು 1901ರಲ್ಲಿ, ಅಮೆರಿಕದ ನ್ಯೂ ಆರ್ಲಿಯನ್ಸ್ ನಗರದ ಕಪ್ಪು ಜನರ ಬಡ ಕೇರಿಯಲ್ಲಿ. ತಂದೆ ಬಿಟ್ಟುಹೋಗಿದ್ದ. ಹುಡುಗ ಶಾಲೆ ತೊರೆದು ಬೀದಿಯಲ್ಲಿ ಹಾಡಿ ಪುಡಿಗಾಸು ಕೂಡಿಸುತ್ತಿದ್ದ. 1912ರ ಡಿಸೆಂಬರ್ 31ರ ರಾತ್ರಿ, ಹೊಸ ವರ್ಷದ ಗದ್ದಲದಲ್ಲಿ, ಮನೆಯ ಪಿಸ್ತೂಲು ತಂದು ಬೀದಿಯಲ್ಲಿ ಹಾರಿಸಿದ. ಪೊಲೀಸರು ಹಿಡಿದರು. ಕಪ್ಪು ಮಕ್ಕಳ ಬಾಲಮಂದಿರಕ್ಕೆ ಸೇರಿಸಿದರು.

ಅಲ್ಲಿ ಪೀಟರ್ ಡೇವಿಸ್ ಎಂಬ ಬ್ಯಾಂಡ್ ಮೇಷ್ಟ್ರಿದ್ದರು. ಇವನು ಎಂಥ ಕೇರಿಯವನೆಂದು ತಿಳಿದು ಮೊದಮೊದಲು ದೂರವೇ ಇಟ್ಟರು. ಗುರುಗಳು ಕ್ಷಮಿಸಬೇಕು, ಇದು ಎಲ್ಲ ಶಾಲೆಗಳಲ್ಲೂ ಇದ್ದದ್ದೇ. ಆದರೆ ಡೇವಿಸ್ ಅಷ್ಟಕ್ಕೇ ನಿಲ್ಲಲಿಲ್ಲ. ಒಂದು ದಿನ ಕೈಗೆ ಟ್ಯಾಂಬೊರಿನ್ ಕೊಟ್ಟರು. ಆಮೇಲೆ ಡ್ರಮ್ಮು, ಬ್ಯೂಗಲ್ಲು, ಕೊನೆಗೆ ಕಾರ್ನೆಟ್. ಅದು ಟ್ರಂಪೆಟ್ಟಿನ ತಮ್ಮನಿದ್ದಂತೆ. ಕಡೆಗೆ ಅವನನ್ನೇ ಬ್ಯಾಂಡಿನ ನಾಯಕನನ್ನಾಗಿ ಮಾಡಿದರು. ಪೊಲೀಸರು ಹಿಡಿದೊಯ್ದ ಹುಡುಗ ಸಮವಸ್ತ್ರ ತೊಟ್ಟು ತನ್ನ ಕೇರಿಯಲ್ಲೇ ಕಾರ್ನೆಟ್ ಊದುತ್ತಾ ಬಂದದ್ದನ್ನು ಜನ ನಿಂತು ನೋಡಿದರು.

ಮುಂದಿನದನ್ನು ಬೇಗ ಹೇಳುತ್ತೇನೆ. 1922ರಲ್ಲಿ ಗುರು ಜೋ ಆಲಿವರ್ ಕರೆಸಿಕೊಂಡರೆಂದು ಶಿಕಾಗೊಗೆ ಹೋದ. 1925ರಿಂದ ಹಾಟ್ ಫೈವ್ ಎಂಬ ಸ್ವಂತ ತಂಡದ ರೆಕಾರ್ಡುಗಳು ಬಂದವು. ಅದುವರೆಗೆ ಜಾಝ್‌ನಲ್ಲಿ ಎಲ್ಲರೂ ಕೂಡಿ ಊದುವುದೇ ಹೆಚ್ಚು. ಒಬ್ಬನೇ ಮುಂದೆ ನಿಂತು, ನಮ್ಮವರು ಮನೋಧರ್ಮ ಅನ್ನುತ್ತಾರಲ್ಲ, ಹಾಗೆ ಬೆಳೆಸಿ ನುಡಿಸುವುದಕ್ಕೆ ದೊಡ್ಡ ಸ್ಥಾನ ಸಿಕ್ಕಿದ್ದು ಇವನಿಂದ. 1928ರ ‘ವೆಸ್ಟ್ ಎಂಡ್ ಬ್ಲೂಸ್’ನ ಆರಂಭ ಕೇಳಿ. ಪಕ್ಕವಾದ್ಯವಿಲ್ಲದೆ ಟ್ರಂಪೆಟ್ ಒಂದೇ, ಹದಿನೈದು ಸೆಕೆಂಡೂ ಇಲ್ಲ. ರಾತ್ರಿ ಪಾಳಿಯ ಕೆಲಸದ ನಡುವೆ ನಾನು ಎಷ್ಟು ಸಲ ಕೇಳಿದ್ದೇನೋ!

ಇನ್ನೊಂದು ಸಂಗತಿ, ಅದು ಹೈಸ್ಕೂಲಿನದೇ. 1957ರಲ್ಲಿ ಲಿಟಲ್ ರಾಕ್ ಊರಿನ ಬಿಳಿಯರ ಹೈಸ್ಕೂಲಿಗೆ ಸೇರಲು ಬಂದ ಒಂಬತ್ತು ಕಪ್ಪು ಮಕ್ಕಳನ್ನು ಬಾಗಿಲಲ್ಲೇ ತಡೆದರು. ಸದಾ ನಗುತ್ತಾ ಬಿಳಿಯರನ್ನು ರಂಜಿಸುತ್ತಾನೆಂದು ಆರ್ಮ್‌ಸ್ಟ್ರಾಂಗ್‌ನನ್ನು ಸ್ವಂತ ಜನರೇ ಹಂಗಿಸುತ್ತಿದ್ದ ಕಾಲ. ಅವನು ಪತ್ರಿಕೆಯವನೊಬ್ಬನ ಮುಂದೆ ಅಧ್ಯಕ್ಷರನ್ನೇ ನೇರವಾಗಿ ಟೀಕಿಸಿ, ಸರ್ಕಾರದ ಪರವಾಗಿ ರಷ್ಯಾ ಪ್ರವಾಸಕ್ಕೆ ಹೋಗುವುದಿಲ್ಲ ಎಂದ. ಕಾರ್ಯಕ್ರಮಗಳು ತಪ್ಪಬಹುದೆಂಬ ಹೆದರಿಕೆ ಇದ್ದರೂ ಮಾತು ಹಿಂತೆಗೆದುಕೊಳ್ಳಲಿಲ್ಲ. 1971ರಲ್ಲಿ ತೀರಿಕೊಂಡ.

ಬೆಳಿಗ್ಗೆ ಸ್ಟಾಫ್ ರೂಮಿನ ಪಕ್ಕದ ಕೋಣೆಗೆ ಹೋಗಿದ್ದೆ. ಆಗಸ್ಟ್ ಹದಿನೈದಕ್ಕೆ ನಾವು ಬಾರಿಸುತ್ತಿದ್ದ ಡ್ರಮ್ಮು ಅಲ್ಲೇ ಇದೆ, ಮೇಲಿನ ಹೊದಿಕೆ ಹರಿದಿದೆ. ಬ್ಯೂಗಲ್ಲು ನೆಗ್ಗಿದೆ. ಎಂಟನೇ ತರಗತಿಯಲ್ಲಿ ಅದನ್ನು ಚೆನ್ನಾಗಿ ಊದುತ್ತಿದ್ದವನು ನಾನಲ್ಲ, ಹಿಂದಿನ ಬೆಂಚಿನ ನನ್ನ ಗೆಳೆಯ. ಎರಡು ಸಲ ಫೇಲಾಗಿ ಶಾಲೆ ಬಿಟ್ಟ. ಇವತ್ತು ಶಾಮಿಯಾನ ಹಾಕಿದವನು ಅವನೇ, ಅಲ್ಲಿ ಹಿಂದೆ ನಿಂತಿದ್ದಾನೆ. ರಿಪೇರಿ ಖರ್ಚು ನನ್ನದು. ಕಲಿಸೋಕೆ ವಾರಕ್ಕೊಂದು ದಿನ ಬರ್ತೀಯೇನೋ ಅಂತ ಅವನನ್ನು ಕೇಳಿದ್ದೇನೆ. ಮುಖ್ಯೋಪಾಧ್ಯಾಯರು ಒಪ್ಪಿದರೆ ಬರುತ್ತಾನಂತೆ.