36 ಗೆಲುವು, 117 ಸೋಲು: ಈ ನಷ್ಟ ಯಾರ ಖಾತೆಗೆ?

ಬಸ್ಸಲ್ಲೋ ಮೆಟ್ರೋದಲ್ಲೋ ಕೂತು ಕೇಳ್ತಿದ್ದೀರಾ ಅಂದ್ಕೊಳ್ತೀನಿ. ಇವತ್ತು ಒಂದು ಸೋತ ತಂಡದ ಕಥೆ ಹೇಳ್ತೀನಿ. ಬೇಸ್‌ಬಾಲ್ ಗೊತ್ತಿಲ್ಲ ಅಂತ ಸ್ಕಿಪ್ ಮಾಡಬೇಡಿ. ಇದು ಆಟಕ್ಕಿಂತ ಹೆಚ್ಚಾಗಿ ಲೆಕ್ಕದ ಕಥೆ, ನಾನು ಬಿಕಾಂ ಓದಿದವನು ಬೇರೆ!

2024ರಲ್ಲಿ ಅಮೆರಿಕದ ಶಿಕಾಗೊ ವೈಟ್ ಸಾಕ್ಸ್ ತಂಡ ಒಂದೇ ಸೀಸನ್‌ನಲ್ಲಿ 121 ಪಂದ್ಯ ಸೋತಿತು. ಆಧುನಿಕ ಬೇಸ್‌ಬಾಲ್‌ನಲ್ಲಿ ಅಷ್ಟು ಸೋತವರು ಯಾರೂ ಇಲ್ಲ ಅಂತ ಎಲ್ಲ ಕಡೆ ಸುದ್ದಿ ಆಯ್ತು. ಸರಿ. ಆದ್ರೆ ಅವರು ಆಡಿದ್ದು 162 ಪಂದ್ಯ, ಗೆದ್ದದ್ದು 41. ಅಂದ್ರೆ ಶೇಕಡಾ 25ರ ಮೇಲೆ. ಈಗ 1916ಕ್ಕೆ ಹೋಗೋಣ. ಆ ವರ್ಷ ಫಿಲಡೆಲ್ಫಿಯಾ ಅಥ್ಲೆಟಿಕ್ಸ್ ಅನ್ನೋ ತಂಡ 36 ಗೆದ್ದು 117 ಸೋತಿತು. ಶೇಕಡಾ 23.5. 1900ರಿಂದ ಈಚೆಗೆ ಅಮೆರಿಕನ್ ಲೀಗ್, ನ್ಯಾಷನಲ್ ಲೀಗ್ ಎರಡರಲ್ಲೂ ಇದಕ್ಕಿಂತ ಕಡಿಮೆ ಸರಾಸರಿ ಯಾವ ತಂಡದ್ದೂ ಇಲ್ಲ.

ಸೋತವರು ಇರ್ತಾರೆ, ಅದರಲ್ಲೇನು ವಿಶೇಷ ಅಂತೀರಾ? ವಿಶೇಷ ಇರೋದು ಇಲ್ಲಿ. ಎರಡೇ ವರ್ಷದ ಹಿಂದೆ, 1914ರಲ್ಲಿ, ಇದೇ ತಂಡ 99 ಪಂದ್ಯ ಗೆದ್ದು ಲೀಗ್‌ನಲ್ಲಿ ಮೊದಲ ಸ್ಥಾನದಲ್ಲಿತ್ತು. 1910, 1911, 1913ರಲ್ಲಿ ವರ್ಲ್ಡ್ ಸೀರೀಸ್ ಗೆದ್ದಿತ್ತು. ಹೆಸರು ಅದೇ, ಮೈದಾನ ಅದೇ, ಮ್ಯಾನೇಜರ್ ಕೂಡ ಅವರೇ. ಹಾಗಾದ್ರೆ ಏನಾಯ್ತು?

ಮ್ಯಾನೇಜರ್ ಹೆಸರು ಕಾನಿ ಮ್ಯಾಕ್. ಯೂನಿಫಾರ್ಮ್ ಹಾಕದೆ, ಸೂಟು ಕೋಟಿನಲ್ಲೇ ಡಗ್‌ಔಟ್‌ನಲ್ಲಿ ಕೂತು, ಕೈಯಲ್ಲಿದ್ದ ಸ್ಕೋರ್‌ಕಾರ್ಡ್ ಬೀಸಿ ಫೀಲ್ಡರ್‌ಗಳನ್ನ ಅತ್ತಿತ್ತ ಸರಿಸ್ತಿದ್ದ ಮನುಷ್ಯ. ಮೃದು ಮಾತಿನವರು ಅಂತ ಹೆಸರಿತ್ತು. 1901ರಿಂದ 1950ರವರೆಗೆ ಒಂದೇ ತಂಡ ನಡೆಸಿದವರು. ಆದ್ರೆ ಇದೊಂದು ಅಂಶ ನೆನಪಿಟ್ಕೊಳ್ಳಿ: ಮ್ಯಾಕ್ ಬರೀ ಮ್ಯಾನೇಜರ್ ಅಲ್ಲ, 1913ರ ಹೊತ್ತಿಗೆ ತಂಡದಲ್ಲಿ ಅರ್ಧ ಪಾಲುದಾರ. ಇನ್ನರ್ಧ ಶೈಬ್ ಕುಟುಂಬದ್ದು. ತಂಡ ಆಯ್ಕೆ ಮಾಡೋರೂ ಅವರೇ, ಸಂಬಳ ಉಳಿದರೆ ಲಾಭ ಆಗೋದೂ ಅವರಿಗೇ.

ಈಗ ಆಟಗಾರರ ಸ್ಥಿತಿ ಹೇಗಿತ್ತು ನೋಡಿ. ಆಗಿನ ಕರಾರಿನಲ್ಲಿ ‘ರಿಸರ್ವ್ ಕ್ಲಾಸ್’ ಅನ್ನೋ ಷರತ್ತು ಇರ್ತಿತ್ತು. ಕರಾರಿನ ಅವಧಿ ಮುಗಿದ್ರೂ ಆಟಗಾರ ಆ ತಂಡದವನೇ. ತಂಡ ಮಾರಬಹುದು, ಕೈಬಿಡಬಹುದು. ಆಟಗಾರ ತಾನಾಗಿ ಬೇರೆ ತಂಡಕ್ಕೆ ಹೋಗೋ ಹಾಗಿಲ್ಲ. ನಾವು ಐಪಿಎಲ್ ಹರಾಜು ನೋಡ್ತೀವಲ್ಲ, ಅಲ್ಲಿ ಕೊನೇ ಪಕ್ಷ ನಾಲ್ಕು ಜನ ಕೂಗಿ ಬೆಲೆ ಏರಿಸ್ತಾರೆ, ಆ ದುಡ್ಡು ಆಟಗಾರನಿಗೆ ಹೋಗುತ್ತೆ. ಇಲ್ಲಿ ಕೂಗೋಕೆ ಯಾರೂ ಇಲ್ಲ. ಮಾರಿದ ದುಡ್ಡು ಮಾಲೀಕನ ಜೇಬಿಗೆ.

1914ರಲ್ಲಿ ಕೂಗೋಕೆ ಒಬ್ಬರು ಬಂದ್ರು. ಫೆಡರಲ್ ಲೀಗ್ ಅನ್ನೋ ಹೊಸ ಲೀಗ್. ಅವರು ಈ ರಿಸರ್ವ್ ಷರತ್ತನ್ನ ಲೆಕ್ಕಕ್ಕೇ ತಗೊಳ್ಳಲಿಲ್ಲ, ಹೆಚ್ಚು ಸಂಬಳ ಕೊಡ್ತೀವಿ ಬನ್ನಿ ಅಂದ್ರು. ದಿಢೀರಂತ ಎಲ್ಲ ಆಟಗಾರರ ಬೆಲೆ ಏರಿತು. ಅದೇ ಹೊತ್ತಿಗೆ ಫಿಲಡೆಲ್ಫಿಯಾದಲ್ಲಿ ಪ್ರೇಕ್ಷಕರು ಕಮ್ಮಿ ಆದ್ರು. 1913ರಲ್ಲಿ ಸುಮಾರು 5.7 ಲಕ್ಷ ಜನ ಮೈದಾನಕ್ಕೆ ಬಂದಿದ್ರು, 1914ರಲ್ಲಿ ಸುಮಾರು 3.5 ಲಕ್ಷ. ತಂಡ ಗೆಲ್ತಾನೇ ಇತ್ತು, ಗಮನಿಸಿ. ಖರ್ಚು ಮೇಲೆ, ಆದಾಯ ಕೆಳಗೆ. ಮ್ಯಾಕ್‌ಗೆ ಬೇಸ್‌ಬಾಲ್ ಬಿಟ್ಟು ಬೇರೆ ವ್ಯಾಪಾರ ಇರಲಿಲ್ಲ. ಅವರ ಭಯ ಸುಳ್ಳಲ್ಲ. ಇದನ್ನ ಮೊದಲೇ ಹೇಳಿಬಿಡ್ತೀನಿ, ಯಾಕಂದ್ರೆ ಮುಂದೆ ನಾನು ಅವರ ಮೇಲೆ ಸ್ವಲ್ಪ ಸಿಟ್ಟಾಗ್ತೀನಿ.

1914ರ ವರ್ಲ್ಡ್ ಸೀರೀಸ್‌ನಲ್ಲಿ ಅಥ್ಲೆಟಿಕ್ಸ್ ಬಾಸ್ಟನ್ ಬ್ರೇವ್ಸ್ ಎದುರು ನಾಲ್ಕಕ್ಕೆ ನಾಲ್ಕೂ ಸೋತಿತು. ಆಮೇಲೆ ಮಾರಾಟ ಶುರು. ಪಿಚರ್‌ಗಳಾದ ಎಡ್ಡಿ ಪ್ಲ್ಯಾಂಕ್, ಚೀಫ್ ಬೆಂಡರ್ ಇಬ್ಬರೂ ಫೆಡರಲ್ ಲೀಗ್‌ಗೆ ಹೋದ್ರು. ಜ್ಯಾಕ್ ಕೂಂಬ್ಸ್ ಅನ್ನೋ ಪಿಚರ್‌ನ ಕೈಬಿಟ್ರು. ಲೀಗ್‌ನ ಅತ್ಯುತ್ತಮ ಆಟಗಾರರಲ್ಲಿ ಒಬ್ಬರಾದ ಎಡ್ಡಿ ಕಾಲಿನ್ಸ್ ಅವರನ್ನ 50,000 ಡಾಲರ್‌ಗೆ ಶಿಕಾಗೊಗೆ ಮಾರಿದ್ರು. 1915ರ ಮಧ್ಯದಲ್ಲಿ ಜ್ಯಾಕ್ ಬ್ಯಾರಿ ಬಾಸ್ಟನ್‌ಗೆ, ಬಾಬ್ ಶಾಕಿ ನ್ಯೂಯಾರ್ಕ್‌ಗೆ. ಹೋಮ್ ರನ್ ಬೇಕರ್ ಅಂತ ಹೆಸರಾಗಿದ್ದ ಫ್ರ್ಯಾಂಕ್ ಬೇಕರ್ ಸಂಬಳ ಜಾಸ್ತಿ ಮಾಡಿ ಅಂದ್ರು, ಮ್ಯಾಕ್ ಒಪ್ಪಲಿಲ್ಲ. ಬೇಕರ್ 1915 ಪೂರ್ತಿ ಈ ತಂಡಕ್ಕೆ ಆಡಲೇ ಇಲ್ಲ. ಆ ವರ್ಷ 43 ಗೆಲುವು, 109 ಸೋಲು. ಕೊನೇ ಸ್ಥಾನ.

ಈಗ ನನ್ನನ್ನ ತಡೆದು ನಿಲ್ಲಿಸಿದ ತಾರೀಖು. ಫೆಡರಲ್ ಲೀಗ್ 1915ರ ಡಿಸೆಂಬರ್‌ನಲ್ಲಿ ರಾಜಿ ಮಾಡ್ಕೊಂಡು ಮುಚ್ಚಿಹೋಯ್ತು. ಯಾವ ಸ್ಪರ್ಧಿಗೆ ಹೆದರಿ ತಂಡ ಮಾರಿದ್ರೋ ಆ ಸ್ಪರ್ಧಿಯೇ ಇಲ್ಲ. ಆಟಗಾರರಿಗೆ ಮತ್ತೆ ಬೇರೆ ದಾರಿ ಇಲ್ಲ. ಆಮೇಲೆ, 1916ರ ಫೆಬ್ರವರಿಯಲ್ಲಿ, ಬೇಕರ್‌ನ ಕೂಡ ನ್ಯೂಯಾರ್ಕ್‌ಗೆ ಮಾರಿದ್ರು. ಅಂದ್ರೆ 1916ರ ತಂಡಕ್ಕೆ ‘ಏನ್ ಮಾಡೋದು, ಬೇರೆ ಲೀಗ್‌ನವರು ಎಳ್ಕೊಂಡು ಹೋದ್ರು’ ಅನ್ನೋ ಸಬೂಬು ಪೂರ್ತಿ ಒಪ್ಪೋ ಹಾಗಿಲ್ಲ.

ಇನ್ನು ಆ ಸೀಸನ್. ಶಾರ್ಟ್‌ಸ್ಟಾಪ್ ಅಂದ್ರೆ ಫೀಲ್ಡಿಂಗ್‌ನಲ್ಲಿ ಅತಿ ಕಷ್ಟದ ಜಾಗಗಳಲ್ಲೊಂದು. ಅಲ್ಲಿ ನಿಂತವನು ವೈಟಿ ವಿಟ್ ಅನ್ನೋ 20 ವರ್ಷದ ಹುಡುಗ, ಮೇಜರ್ ಲೀಗ್‌ನಲ್ಲಿ ಮೊದಲ ವರ್ಷ. 78 ಎರರ್ ಆಯ್ತು. ಪಕ್ಕದಲ್ಲಿ ಸೆಕೆಂಡ್ ಬೇಸ್‌ನಲ್ಲಿ ನ್ಯಾಪ್ ಲಾಜುವೇ, 41 ವರ್ಷ. 1901ರಲ್ಲಿ ಇದೇ ತಂಡಕ್ಕೆ .426 ಸರಾಸರಿಯಲ್ಲಿ ಹೊಡೆದ ದಿಗ್ಗಜ. ಕೊನೇ ಸೀಸನ್ ಆಡೋಕೆ ಉಳಿದದ್ದು ಇಂಥ ತಂಡದಲ್ಲಿ, ಸರಾಸರಿ.246ಕ್ಕೆ ಇಳಿದಿತ್ತು. ಲೀಗ್‌ನಲ್ಲಿ ಅತಿ ಕಡಿಮೆ ರನ್ ಮಾಡಿದ್ದು ಇವರೇ. ಜುಲೈ–ಆಗಸ್ಟ್‌ನಲ್ಲಿ ಸತತ 20 ಪಂದ್ಯ ಸೋತ್ರು.

ಜ್ಯಾಕ್ ನೇಬರ್ಸ್ ಅಂತ ಒಬ್ಬ ಪಿಚರ್. ನಮ್ಮ ಕ್ರಿಕೆಟ್‌ನ ಬೌಲರ್ ಇದ್ದ ಹಾಗೆ, ಆದ್ರೆ ಗೆಲುವು–ಸೋಲು ಎರಡೂ ಅವನ ಹೆಸರಿಗೇ ಬರೆದುಕೊಳ್ಳೋ ಪದ್ಧತಿ. ನೇಬರ್ಸ್ ಆ ವರ್ಷ 1 ಗೆದ್ದು 20 ಸೋತ. ಅದರಲ್ಲಿ 19 ಸತತ. ಅಷ್ಟೊಂದು ಕೆಟ್ಟ ಪಿಚರ್ರಾ? ಫೀಲ್ಡರ್‌ಗಳ ತಪ್ಪಿಂದ ಬಂದ ರನ್ ಕಳೆದ್ರೆ, ಒಂಬತ್ತು ಇನಿಂಗ್ಸ್‌ಗೆ ಅವನು ಬಿಟ್ಟುಕೊಟ್ಟದ್ದು ಸರಾಸರಿ ಮೂರೂವರೆ ರನ್. ಅದ್ಭುತ ಅಲ್ಲ ಬಿಡಿ. ಆದ್ರೆ 20 ಸೋಲಿಗೆ ತಕ್ಕಷ್ಟು ಕೆಟ್ಟದ್ದೂ ಅಲ್ಲ. ಹಿಂದೆ ಹಿಡಿಯೋರಿಲ್ಲ, ಮುಂದೆ ಹೊಡೆಯೋರಿಲ್ಲ, ಇನ್ನೇನಾಗುತ್ತೆ? ಟಾಮ್ ಶೀಹನ್ ಅಂತ ಇನ್ನೊಬ್ಬ, 1 ಗೆದ್ದು 16 ಸೋತ.

ಆ 36 ಗೆಲುವಲ್ಲಿ 29 ಇಬ್ಬರೇ ಪಿಚರ್‌ಗಳದ್ದು. ಜೋ ಬುಷ್ 15, ಎಲ್ಮರ್ ಮೈಯರ್ಸ್ 14. ಆ ಬುಷ್ ಆಗಸ್ಟ್ 26ರಂದು ಕ್ಲೀವ್‌ಲ್ಯಾಂಡ್ ಎದುರು ನೋ-ಹಿಟ್ಟರ್ ಎಸೆದ. ಅಂದ್ರೆ ಇಡೀ ಪಂದ್ಯದಲ್ಲಿ ಎದುರಾಳಿಗೆ ಒಂದೇ ಒಂದು ಹಿಟ್ ಇಲ್ಲ. ಮೊದಲ ಬ್ಯಾಟರ್‌ಗೆ ಒಂದು ವಾಕ್ ಕೊಟ್ಟ, ಆಮೇಲೆ ಯಾರನ್ನೂ ಬೇಸ್ ಹತ್ತಲು ಬಿಡಲಿಲ್ಲ. ಅಂಥ ಪಿಚರ್ ಕೂಡ ಆ ವರ್ಷ 24 ಪಂದ್ಯ ಸೋತ.

ಈಗ ಮಾರಿಹೋದವರ ಕಡೆ ನೋಡಿ. ಬಾಬ್ ಶಾಕಿ 1916ರಲ್ಲಿ ನ್ಯೂಯಾರ್ಕ್‌ಗೆ 24 ಪಂದ್ಯ ಗೆದ್ದುಕೊಟ್ಟ. ಬಿಟ್ಟುಕೊಟ್ಟ ಒಬ್ಬನೇ ಪಿಚರ್ 24, ಇಡೀ ತಂಡ 36! ಕೈಬಿಟ್ಟ ಜ್ಯಾಕ್ ಕೂಂಬ್ಸ್ ಬ್ರೂಕ್ಲಿನ್ ಪರವಾಗಿ ಅದೇ ವರ್ಷ ವರ್ಲ್ಡ್ ಸೀರೀಸ್‌ನಲ್ಲಿ ಒಂದು ಪಂದ್ಯ ಗೆದ್ದ. ಕಾಲಿನ್ಸ್ ಮರುವರ್ಷ ಶಿಕಾಗೊ ಜೊತೆ ಚಾಂಪಿಯನ್.

ಪಾಯಿಂಟ್ಸ್ ಟೇಬಲ್ ಇನ್ನೂ ವಿಚಿತ್ರ. ಎಂಟು ತಂಡ. ಮೊದಲನೇ ಬಾಸ್ಟನ್ 91 ಗೆಲುವು, ಏಳನೇ ವಾಷಿಂಗ್ಟನ್ 76. ಅಂದ್ರೆ ಒಂದರಿಂದ ಏಳರವರೆಗೆ ಅಂತರ 15. ಏಳರಿಂದ ಎಂಟಕ್ಕೆ 40. ಏಳು ತಂಡ ಒಂದು ಲೀಗ್ ಆಡ್ತಿತ್ತು, ಎಂಟನೆಯದು ಅವರಿಗೆ ಗೆಲುವು ಹಂಚ್ತಿತ್ತು.

ನಾನು ಹೇಳಬೇಕು ಅಂದ್ಕೊಂಡಿದ್ದು ಇಷ್ಟೇ. ಈ ತಂಡ ಸೋತಿದ್ದು ಮೈದಾನದಲ್ಲಿ ಅಲ್ಲ, ಲೆಕ್ಕದ ಪುಸ್ತಕದಲ್ಲಿ. ಖರ್ಚು ಕಡಿತ ಮಾಡೋದು ತಪ್ಪು ಅಂತ ಹೇಳ್ತಿಲ್ಲ. ಕಡಿತ ಮಾಡಿದಾಗ ಬರೋ ನಷ್ಟ ಎಲ್ಲಾದ್ರೂ ಒಂದು ಕಡೆ ಬರೆಯಲೇಬೇಕು. ಮಾಲೀಕ ತನ್ನ ಪುಸ್ತಕದಲ್ಲಿ 50,000 ಡಾಲರ್ ಜಮಾ ಬರೆದುಕೊಂಡ. ಖರ್ಚಿನ ಕಾಲಂ ನೇಬರ್ಸ್ ಹೆಸರಿನ ಮುಂದೆ ಹೋಯ್ತು: 1–20. ಬಿಟ್ಟು ಹೋಗ್ತೀನಿ ಅನ್ನೋ ಹಕ್ಕು ಕೂಡ ಅವನಿಗೆ ಇರಲಿಲ್ಲ. ನಾಲ್ಕು ಜನ ಬಿಟ್ಟು ಹೋದ ಆಫೀಸ್‌ನಲ್ಲಿ ಉಳಿದ ಒಬ್ಬರಿಗೆ ‘ನಿಮ್ಮ ಪರ್ಫಾರ್ಮೆನ್ಸ್ ಸರಿ ಇಲ್ಲ’ ಅಂತ ಮೇಲ್ ಬರುತ್ತಲ್ಲ, ಗೊತ್ತಿರೋರಿಗೆ ಗೊತ್ತಾಗುತ್ತೆ.

ಮ್ಯಾಕ್ ಏನಾದ್ರು? 1915ರಿಂದ 1921ರವರೆಗೆ ಸತತ ಏಳು ವರ್ಷ ಕೊನೇ ಸ್ಥಾನ. ಅವರನ್ನ ಯಾರೂ ತೆಗೆಯಲಿಲ್ಲ. ಅರ್ಧ ತಂಡ ಅವರದ್ದೇ, ತೆಗೆಯೋರು ಯಾರು? ಮತ್ತೆ ಕಟ್ಟಿದ್ರು, 1929, 1930ರಲ್ಲಿ ವರ್ಲ್ಡ್ ಸೀರೀಸ್ ಗೆದ್ರು. ಆರ್ಥಿಕ ಕುಸಿತ ಬಂದಾಗ ಮತ್ತೆ ಮಾರಿದ್ರು. ಕಟ್ಟೋ ಕೈ, ಮಾರೋ ಕೈ ಎರಡೂ ಒಂದೇ. ಇವತ್ತು ಅವರ ಹೆಸರು ಹಾಲ್ ಆಫ್ ಫೇಮ್‌ನಲ್ಲಿದೆ, ಇರಬೇಕಾದ್ದೇ. ನೇಬರ್ಸ್‌ದು ಒಟ್ಟು ವೃತ್ತಿಜೀವನ 1 ಗೆಲುವು, 25 ಸೋಲು. 1917ರ ನಂತರ ಮೇಜರ್ ಲೀಗ್‌ನಲ್ಲಿ ಆಡಲಿಲ್ಲ.

ಇನ್ನು ಮುಂದೆ ಯಾವುದಾದ್ರೂ ತಂಡದ ಸ್ಕೋರ್ ನೋಡಿ ಯಾವನೋ ಒಬ್ಬ ಆಟಗಾರನಿಗೆ ಬೈಯೋ ಮುಂಚೆ, ಆ ತಂಡ ಕಟ್ಟಿದ್ದು ಯಾರು, ದುಡ್ಡು ಉಳಿಸಿದ್ದು ಯಾರು ಅಂತ ಒಂದ್ಸಲ ನೋಡಿ. ಬೈಯೋದಿದ್ರೆ ಆಮೇಲೆ ಬೈಯೋಣ, ನಾನೂ ಸೇರ್ಕೊಳ್ತೀನಿ. ಇಷ್ಟ ಆದ್ರೆ ಒಬ್ಬ ಸ್ನೇಹಿತರಿಗೆ ಕಳಿಸಿ.