ನೀರಿನ ಕೆಳಗೆ ಊರಿದೆ, ಪರದೆಯ ಮೇಲೆ ಹೆಸರಿಲ್ಲ!

(ಕೊಲ್ಹಾರದ ಯುವಜನ ಸಭೆಯಲ್ಲಿ ಮುದ್ರಣಾಲಯದ ಮಾಲೀಕರೊಬ್ಬರು ಆಡಿದ ಮಾತು)



ನಾನು ಭಾಷಣಕಾರನಲ್ಲ. ಪಿಯುಸಿ ಮುಗಿಸಿ ಅಪ್ಪನ ಪ್ರೆಸ್ಸಿನಲ್ಲಿ ಕೂತವನು. ಲಗ್ನಪತ್ರಿಕೆ, ಜಾತ್ರೆಯ ಕರಪತ್ರ, ರಸೀದಿ ಬುಕ್ಕು ಅಚ್ಚು ಹಾಕಿ ಹೊಟ್ಟೆ ಹೊರೆಯುತ್ತೇನೆ. ನಮ್ಮ ಕಸುಬಿನಲ್ಲಿ ಒಂದು ಮಾತಿದೆ. ಲಗ್ನಪತ್ರಿಕೆಯಲ್ಲಿ ಬೇರೇನು ತಪ್ಪಿದರೂ ಜನ ನಕ್ಕು ಬಿಡುತ್ತಾರೆ; ಊರಿನ ಹೆಸರು ತಪ್ಪಿದರೆ ಬೀಗರೇ ದಾರಿ ತಪ್ಪುತ್ತಾರೆ!

ಕೆಲವು ತಿಂಗಳ ಹಿಂದೆ ಒಂದು ವಾಹಿನಿಯವರು ಇಲ್ಲಿಗೆ ಬಂದಿದ್ದರು. ರಜೆಯ ದಿನ ಎಲ್ಲಿಗೆ ಹೋಗಬೇಕು, ಏನು ತಿನ್ನಬೇಕು ಎಂದು ತೋರಿಸುವ ಕಾರ್ಯಕ್ರಮ. ವಾಹಿನಿ ಕನ್ನಡದ್ದು, ನೋಡುವವರು ಕನ್ನಡಿಗರು. ಆದರೆ ಕಾರ್ಯಕ್ರಮದ ಹೆಸರಿನಲ್ಲಿ ಕನ್ನಡದ ಒಂದು ಪದವಿಲ್ಲ. ಮೊಸರು ಮಾರುವ ನಮ್ಮ ಅವ್ವನ ಮುಂದೆ ಮೈಕು ಹಿಡಿದ ಹುಡುಗಿ ಕೇಳಿದಳು: "ಆಂಟಿ, ಈ ಪಾಟ್ ಕರ್ಡ್ ಸೀಕ್ರೆಟ್ ಏನು?" ಆಕೆ ಹೇಳಿದಳು: "ಇದಕ್ಕ ಕೊಲ್ಹಾರದ ಮಸರು ಅಂತಾರವ್ವ. ಗಡಗಿ ಬೋರಲ ಹಾಕಿದ್ರೂ ಬೀಳಂಗಿಲ್ಲ." ಭಾನುವಾರ ಊರೆಲ್ಲ ಟಿವಿಯ ಮುಂದೆ ಕೂತೆವು. ಗಡಿಗೆ ಬೋರಲು ಹಾಕಿದ್ದು ಬಂತು. ಆಕೆಯ ಮಾತು ಕತ್ತರಿಸಿಹೋಗಿತ್ತು! ಕೆಳಗೆ ಅಕ್ಷರ ಓಡಿತು: "ಬಿಜಾಪುರ್ ಹೈವೇ". ಜಿಲ್ಲೆಗೆ ವಿಜಯಪುರ ಎಂಬ ಹೆಸರು 2014ರ ನವೆಂಬರ್ 1ರಿಂದಲೇ ಬಂದಿದೆ. ಅದೂ ಹೋಗಲಿ. ಕೊಲ್ಹಾರ ಎಂಬ ಮೂರಕ್ಷರ ಎಲ್ಲಿ?

ಆಮೇಲೆ ಸೇತುವೆಯ ಮೇಲೆ ನಿಂತು ಕೃಷ್ಣೆಯ ಹಿನ್ನೀರು ತೋರಿಸಿದರು. "ಸೂಪರ್ ಸೆಲ್ಫಿ ಸ್ಪಾಟ್" ಎಂದರು. ಗೆಳೆಯರೇ, ಆ ನೀರಿನ ಕೆಳಗೆ ಹಳೇ ಕೊಲ್ಹಾರವಿದೆ. ನಾನು ಅಂಬೆಗಾಲಿಟ್ಟ ಮನೆ, ಅಪ್ಪನ ಟ್ರೆಡಲ್ ಯಂತ್ರ ಗಡಗಡ ಸದ್ದು ಮಾಡುತ್ತಿದ್ದ ಅಂಗಡಿ ಅಲ್ಲಿದೆ. ಆಲಮಟ್ಟಿಗೆ 1964ರಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಹಾಕಿದರು. 519.60 ಮೀಟರಿನವರೆಗೆ ನೀರು ನಿಲ್ಲಿಸಲು 2000ರಲ್ಲಿ ಸುಪ್ರೀಂ ಕೋರ್ಟು ಒಪ್ಪಿತು. ನಾಡಿನ ಹೊಲಗಳಿಗೆ ನೀರು ಬೇಕಿತ್ತು, ನಾವು ಊರು ಬಿಟ್ಟೆವು. ಅಪ್ಪ ಅಚ್ಚುಮೊಳೆಗಳನ್ನು ಗೋಣಿಚೀಲದಲ್ಲಿ ತುಂಬಿ ಎತ್ತಿನ ಬಂಡಿಗೆ ಹೇರಿದ್ದು ಇಂದೂ ನನ್ನ ಕಣ್ಣ ಮುಂದಿದೆ. 2010ರ ಕೃಷ್ಣಾ ನ್ಯಾಯಮಂಡಳಿಯ ತೀರ್ಪು 524.256 ಮೀಟರಿಗೆ ಅವಕಾಶ ಕೊಟ್ಟಿದೆ. ಅಷ್ಟು ನೀರು ನಿಂತರೆ ಇನ್ನಷ್ಟು ಊರು ಮುಳುಗುತ್ತವೆ. ಮುಳುಗಿದ ಊರಿಗೆ ಉಳಿಯುವ ಆಸ್ತಿ ಒಂದೇ, ಹೆಸರು. ಅದನ್ನೂ ಟಿವಿಯವರು ಮುಳುಗಿಸಿದರೆ ಹೇಗೆ?

ನ್ಯಾಯ ಹೇಳಬೇಕು. ಆ ಕಾರ್ಯಕ್ರಮ ಬಂದ ಮೇಲಿನ ಭಾನುವಾರ ಮಧ್ಯಾಹ್ನದೊಳಗೇ ಗಡಿಗೆಗಳು ಖಾಲಿಯಾದವು. ಮೊಸರಿನವರು ನಾಲ್ಕು ಕಾಸು ಕಂಡರು. ಆದ್ದರಿಂದ ಟಿವಿಯವರು ಬರಬಾರದು ಎಂದು ನಾನು ಹೇಳುವುದಿಲ್ಲ. ಬರಲಿ, ಕನ್ನಡದಲ್ಲಿ ಬರಲಿ, ನಮ್ಮ ಮಾತು ಕೇಳಿಸಿಕೊಂಡು ಹೋಗಲಿ!

ತಿರುಗಾಟ ನಮಗೆ ಹೊಸದೂ ಅಲ್ಲ. ಎಳ್ಳ ಅಮಾವಾಸ್ಯೆಗೆ ಬಂಡಿ ಕಟ್ಟಿ, ಸಜ್ಜೆ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಹೋಳಿಗೆ ಬುತ್ತಿ ಕಟ್ಟಿಕೊಂಡು ಹೊಲಕ್ಕೆ ಹೋಗುತ್ತೇವೆ. ಮೊದಲು ಭೂಮಿತಾಯಿಗೆ ಚರಗ ಚೆಲ್ಲುತ್ತೇವೆ, ಆಮೇಲೆ ನಾವು ಉಣ್ಣುತ್ತೇವೆ. ದಾರಿಹೋಕರನ್ನೂ ಕೂಗಿ ಕರೆದು ಉಣಿಸುತ್ತೇವೆ. ಇದನ್ನು ಯಾವ ಕ್ಯಾಮೆರಾ ತೋರಿಸಿದೆ?

ನೋಡುವುದಕ್ಕೆ ಇಲ್ಲಿ ಕಡಿಮೆಯೇ? ಬಸವಣ್ಣನವರು ಹುಟ್ಟಿದ ಬಸವನ ಬಾಗೇವಾಡಿ ಇದೆ. ಕೃಷ್ಣೆ, ಮಲಪ್ರಭೆ ಕೂಡುವ ಕೂಡಲಸಂಗಮ ಇದೆ. ಅಲ್ಲಿ ನಾರಾಯಣಪುರದ ಹಿನ್ನೀರಿನ ನಡುವೆ ಗೋಡೆ ಕಟ್ಟಿ ಐಕ್ಯಸ್ಥಳ ಉಳಿಸಿಕೊಂಡಿದ್ದಾರೆ. ಪಿಸುಮಾತನ್ನೂ ತಿರುಗಿ ಕೇಳಿಸುವ ಗೋಲಗುಮ್ಮಟ ಇದೆ. ಗುಮ್ಮಟ ಕೂಡ ನೀವು ಕನ್ನಡದಲ್ಲಿ ಕೂಗಿದರೆ ಕನ್ನಡದಲ್ಲೇ ಉತ್ತರ ಕೊಡುತ್ತದೆ. ಕನ್ನಡ ವಾಹಿನಿಗೆ ಅಷ್ಟೂ ಬಾರದೇ?

ಪಟ್ಟಣದ ತಮ್ಮಂದಿರೇ, ನಿಮ್ಮಿಂದ ಮೂರು ಕೆಲಸ ಆಗಬೇಕು. ಊರಿನ ಹೆಸರು ತಪ್ಪಿದ ಕಾರ್ಯಕ್ರಮ ನೋಡಿದ ದಿನವೇ ವಾಹಿನಿಗೆ ಕನ್ನಡದಲ್ಲಿ ಕಾಗದ ಬರೆಯಿರಿ. ಬೈಗುಳ ಬೇಡ, ತಪ್ಪು ತೋರಿಸಿ, ಸರಿಯಾದದ್ದು ಹೇಳಿ. ಎರಡನೆಯದು, ನಿಮ್ಮ ಕೈಯಲ್ಲೇ ಕ್ಯಾಮೆರಾ ಇದೆ, ಮೊಬೈಲು. ನೀವೇ ಕನ್ನಡದಲ್ಲಿ ಊರು ತೋರಿಸಿ. ಮೂರನೆಯದು, ಹೋದ ಊರಲ್ಲಿ ವಯಸ್ಸಾದವರ ಜೊತೆ ಹತ್ತು ನಿಮಿಷ ಕೂತು, ಇಲ್ಲಿ ಮೊದಲು ಏನಿತ್ತು ಎಂದು ಕೇಳಿ.

ಸಭೆ ಮುಗಿದ ಮೇಲೆ ಸೇತುವೆಗೆ ಹೋಗೋಣ. ಫೋಟೋ ತೆಗೆಯಿರಿ, ಬೇಡ ಎನ್ನುವುದಿಲ್ಲ. ಅದರ ಕೆಳಗೆ ಮಾತ್ರ ಮರೆಯದೆ ಬರೆಯಿರಿ: ಕೊಲ್ಹಾರ.

ಜೈ ಕರ್ನಾಟಕ!