ಕಾರಣ ಕೊಡದೆ ಹೇಳಿದ ಒಂದು ಮಾತು

(ಸ್ವಸಹಾಯ ಸಂಘಗಳ ಸದಸ್ಯೆಯರ ತಾಲ್ಲೂಕು ಮಟ್ಟದ ಸಭೆಯೊಂದರಲ್ಲಿ ಆಡಿದ ಮಾತುಗಳ ಬರಹರೂಪ)



ನನ್ನನ್ನು ಇಲ್ಲಿಗೆ ಕರೆದವರು "ಧೈರ್ಯದ ಬಗ್ಗೆ ಮಾತಾಡಿ" ಎಂದರು. ನಾನು ಧೈರ್ಯವಂತೆಯಲ್ಲ. ಬಸ್ಸು ನನ್ನ ಸ್ಟಾಪು ದಾಟಿ ಹೋಗುತ್ತಿದ್ದರೂ "ನಿಲ್ಲಿಸಿ" ಎನ್ನಲು ಬಾಯಿ ಬಾರದೆ, ಮುಂದಿನ ಊರಲ್ಲಿ ಇಳಿದು ಹಿಂದಕ್ಕೆ ನಡೆದು ಬಂದವಳು. ನಗಬೇಡಿ, ನಿಮ್ಮಲ್ಲೂ ಎಷ್ಟೋ ಜನ ಹಾಗೆ ನಡೆದಿದ್ದೀರಿ. ಆಗಾದರೂ ದುಡ್ಡು ಕೊಟ್ಟು ಟಿಕೆಟು ತಗೊಳ್ಳುತ್ತಿದ್ದೆವು. 2023ರ ಜೂನ್‌ನಲ್ಲಿ ಶಕ್ತಿ ಯೋಜನೆ ಬಂದ ಮೇಲೆ "ಬಿಟ್ಟಿ ಬರೋರಿಗೆ ಹೇಳಿದ ಕಡೆ ಸ್ಟಾಪು ಬೇರೆ ಬೇಕಾ" ಎಂಬ ಮಾತನ್ನೂ ಕೇಳಿಸಿಕೊಂಡಿದ್ದೇನೆ. ಈಗ ಮಾತ್ರ ಸ್ಟಾಪು ಬರುವ ಮೊದಲೇ ಎದ್ದು ನಿಂತು ಕೂಗುತ್ತೇನೆ. ಇಷ್ಟು ಕಲಿಯಲು ನನಗೆ ಅರ್ಧ ಆಯಸ್ಸು ಬೇಕಾಯಿತು.

ದೊಡ್ಡ ಮಾತು ಬಿಟ್ಟು ನಡೆದದ್ದನ್ನೇ ಹೇಳುತ್ತೇನೆ. ನಮ್ಮ ಸಂಘದಿಂದ ನನಗೆ ಹಸು ಕೊಳ್ಳಲು 40,000 ರೂಪಾಯಿ ಸಾಲ ಮಂಜೂರಾಗಿತ್ತು. ಅದೇ ತಿಂಗಳು ನಾದಿನಿಗೆ ಗಂಡು ಗೊತ್ತಾಯಿತು. ಗಂಡಿನ ಕಡೆಯವರು ಮೋಟಾರ್ ಬೈಕು ಕೇಳಿದರು. ವರದಕ್ಷಿಣೆ ಅನ್ನುವ ಶಬ್ದವನ್ನು ಯಾರೂ ಎತ್ತಲಿಲ್ಲ. "ಹುಡುಗನಿಗೆ ಓಡಾಡೋಕೆ ಬೇಕಲ್ಲ" ಎಂದರು, ಅಷ್ಟೇ. ರಾತ್ರಿ ಊಟಕ್ಕೆ ಬಡಿಸುವಾಗ ನಮ್ಮ ಅತ್ತೆ, "ಹಸು ಮುಂದಿನ ವರ್ಷ ತಂದರಾಯ್ತು ಬಿಡು" ಎಂದರು. ನನ್ನನ್ನು ಕೇಳಲಿಲ್ಲ, ಹೇಳಿದರು. ನಮ್ಮ ಯಜಮಾನರು ತಲೆ ಬಗ್ಗಿಸಿ ಮುದ್ದೆ ಮುರಿಯುತ್ತಿದ್ದರು.

ಸಾಲ ನನ್ನ ಹೆಸರಲ್ಲಿ, ಕಂತು ನನ್ನ ತಲೆ ಮೇಲೆ. ಆದರೂ "ಇಲ್ಲ" ಎನ್ನುವ ಬದಲು ನಾನು ಕಾರಣ ಹೇಳತೊಡಗಿದೆ. "ಸಂಘದವರು ಕೇಳ್ತಾರೆ ಅತ್ತೆ" ಎಂದೆ. "ಏನಾದರೂ ಹೇಳು ಅವರಿಗೆ" ಎಂದರು. "ಹಾಲಿಲ್ಲದೆ ಕಂತು ಹೆಂಗೆ ಕಟ್ಟೋದು" ಎಂದೆ. "ನಿನ್ನ ಗಂಡ ಏನಕ್ಕವನೆ?" "ಹಸುವಿಗೆ ಮುಂಗಡ ಕೊಟ್ಟಾಗಿದೆ" ಎಂದರೆ "ಇಸ್ಕೊಂಡು ಬಾ". ನನ್ನ ಚೀಲದಲ್ಲಿದ್ದ ಕಾರಣಗಳೆಲ್ಲ ಮುಗಿದವು. ಕಾರಣ ಮುಗಿದ ಮೇಲೆ ಒಪ್ಪಿಕೊಂಡ ಹಾಗೆ ಆಗುತ್ತದಲ್ಲ, ಹಾಗೇ ಆಯಿತು.

ವಾರದ ಸಭೆಯಲ್ಲಿ ಇದನ್ನು ಹೇಳಿಕೊಂಡು ಅತ್ತೆ. ನಮ್ಮ ಸಂಘದ ಹಿರಿಯಕ್ಕ ಒಬ್ಬರು, "ಬಾ, ನಾನೇ ನಿಮ್ಮತ್ತೆ ಆಗ್ತೀನಿ, ನನಗೆ ಹೇಳು" ಎಂದರು. ಸೆರಗು ಸೊಂಟಕ್ಕೆ ಸಿಕ್ಕಿಸಿ ಎಷ್ಟು ಚೆನ್ನಾಗಿ ಗದರಿಸಿದರೆಂದರೆ, ಆಟವೆಂದು ಗೊತ್ತಿದ್ದೂ ನಾನು ನೆಲ ನೋಡಿದೆ. ಉಳಿದವರು ಒಂದೊಂದೇ ತಪ್ಪು ಹಿಡಿದರು. ಮಾತಿನ ಕೊನೆಗೆ ದನಿ ಇಳಿಸುತ್ತೀಯ ಎಂದರು. ಬೇಡವೆನ್ನುವಾಗ ನಗುತ್ತೀಯ ಎಂದರು. ಹಿರಿಯಕ್ಕ ಹೇಳಿದ್ದು ಮಾತ್ರ ನನಗೆ ಹೊಸದು: "ನೀನು ಕಾರಣ ಕೊಟ್ಟರೆ ಅವರು ಕಾರಣಕ್ಕೆ ಉತ್ತರ ಕೊಡ್ತಾರೆ. ಬರೀ ಮಾತು ಹೇಳು." ನಾಲ್ಕು ಸಲ ಆಡಿಸಿದರು. ಕೊನೆಗೆ ಉಳಿದದ್ದು ಇಷ್ಟು: "ಅತ್ತೆ, ಈ ಸಾಲ ಹಸುವಿಗೆ. ಮದುವೆಗೆ ಕೊಡಲ್ಲ. ಮದುವೆ ಕೆಲಸ ಎಷ್ಟಿದ್ದರೂ ಮಾಡ್ತೀನಿ."

ಮನೆಯಲ್ಲಿ ಹೇಳಿದಾಗ ಕೈ ನಡುಗುತ್ತಿತ್ತು. ಎರಡನೇ ಸಲ, ಮೂರನೇ ಸಲವೂ ಅದೇ ಮಾತನ್ನು ಅದೇ ದನಿಯಲ್ಲಿ ಹೇಳಿದೆ. ಅತ್ತೆ 11 ದಿನ ಮಾತು ಬಿಟ್ಟರು. ಯಜಮಾನರು "ಮನೆ ಮಾನ ತೆಗೆದೆ" ಎಂದರು. ಹಸು ಬಂತು. ಹಾಗೆಂದು ವರದಕ್ಷಿಣೆ ನಿಂತಿತು ಎಂದುಕೊಳ್ಳಬೇಡಿ. ಮಾವ ಹುಣಸೆಮರ ಮಾರಿ, ಉಳಿದದ್ದಕ್ಕೆ ಬಡ್ಡಿ ಸಾಲ ತಂದು ಬೈಕು ಕೊಟ್ಟರು. ನಾನು ತಡೆದದ್ದು ನನ್ನ 40,000 ಮಾತ್ರ.

ಇನ್ನೊಂದನ್ನು ಹೇಳದಿದ್ದರೆ ನಿಮಗೆ ಮೋಸ ಮಾಡಿದ ಹಾಗಾಗುತ್ತದೆ. ಇದೇ ಉತ್ಸಾಹದಲ್ಲಿ ನಾವು ಇನ್ನೊಬ್ಬ ಸದಸ್ಯೆಗೂ ಮಾತು ಕಲಿಸಿದೆವು. ಅವಳ ಗಂಡ ಕುಡಿದು ಬಂದು ಹೊಡೆಯುವವನು. "ಇನ್ನು ಕೈ ಎತ್ತಿದರೆ ಸುಮ್ಮನಿರಲ್ಲ ಅನ್ನು" ಎಂದು ಹೇಳಿಕೊಟ್ಟು, ನಮ್ಮ ನಮ್ಮ ಮನೆಗೆ ಹೋಗಿ ಮಲಗಿದೆವು. ಅವಳು ಹೇಳಿದಳು. ಮರುದಿನ ಕೈಮೂಳೆ ಮುರಿದು ಆಸ್ಪತ್ರೆಯಲ್ಲಿದ್ದಳು. ಡಾಕ್ಟರಿಗೆ "ಬಚ್ಚಲಲ್ಲಿ ಜಾರಿ ಬಿದ್ದೆ" ಎಂದಳು. ತಪ್ಪು ಅವನದು. ಆದರೆ ಅವಳನ್ನು ಒಂಟಿಯಾಗಿ ಕಳಿಸಿದ ತಪ್ಪು ನಮ್ಮದು.

ಮುನಿಸಿಕೊಳ್ಳುವ ಅತ್ತೆ ಬೇರೆ, ಹೊಡೆಯುವ ಗಂಡ ಬೇರೆ. ಹೊಡೆತ ಇರುವ ಮನೆಯ ಹೆಂಗಸಿಗೆ ಈಗ ನಾವು ಎದುರಾಡಲು ಕಲಿಸುವುದಿಲ್ಲ. ಮೊದಲು ಅವಳ ಪಾಸ್‌ಬುಕ್ಕು, ಆಧಾರ್, ರೇಷನ್ ಕಾರ್ಡುಗಳ ಜೆರಾಕ್ಸ್ ನಂಬಿಕಸ್ತರ ಮನೆಯಲ್ಲಿ ಇಡಿಸುತ್ತೇವೆ. ರಾತ್ರಿ ಯಾರ ಬಾಗಿಲು ತಟ್ಟಬೇಕೆಂದು ಗೊತ್ತು ಮಾಡುತ್ತೇವೆ. ಮಹಿಳಾ ಸಹಾಯವಾಣಿ 181, ಪೊಲೀಸಿಗೆ 112, ಇವೆರಡನ್ನು ಬಾಯಿಪಾಠ ಮಾಡಿಸುತ್ತೇವೆ. ಕೌಟುಂಬಿಕ ದೌರ್ಜನ್ಯದಿಂದ ರಕ್ಷಣೆಯ 2005ರ ಕಾಯ್ದೆಯಲ್ಲಿ, ಮನೆ ಗಂಡನ ಹೆಸರಿನಲ್ಲಿದ್ದರೂ ಅತ್ತೆಯ ಹೆಸರಿನಲ್ಲಿದ್ದರೂ ಅವಳಿಗೆ ಅಲ್ಲಿ ವಾಸಿಸುವ ಹಕ್ಕಿದೆ. ನಮ್ಮ ರಾಜ್ಯದಲ್ಲಿ ಶಿಶು ಅಭಿವೃದ್ಧಿ ಯೋಜನಾಧಿಕಾರಿಯೇ ಇದರ ಸಂರಕ್ಷಣಾಧಿಕಾರಿ. ಅಂಗನವಾಡಿಯ ಆಫೀಸು ನಮಗೇನು ಹೊಸದಲ್ಲವಲ್ಲ. ವಕೀಲರಿಗೆ ದುಡ್ಡಿಲ್ಲ ಎಂದು ಹಿಂಜರಿಯಬೇಡಿ, ಕಾನೂನು ಸೇವಾ ಸಮಿತಿಯಲ್ಲಿ ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಉಚಿತ ನೆರವು ಸಿಗುತ್ತದೆ.

ಠಾಣೆಗೆ ಇಬ್ಬರಾದರೂ ಜೊತೆಗೆ ಹೋಗುತ್ತೇವೆ. ಒಮ್ಮೆ ಅಲ್ಲಿದ್ದವರೊಬ್ಬರು "ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ, ಹೋಗ್ರಮ್ಮ" ಎಂದರು. ಅಲ್ಲೂ ನಮ್ಮ ಹಿರಿಯಕ್ಕನ ಪಾಠವೇ ಕೆಲಸಕ್ಕೆ ಬಂತು. ವಾದ ಮಾಡಲಿಲ್ಲ. "ಸಾರ್, ದೂರು ಬರೆದು ತಂದಿದ್ದೀವಿ. ತಗೊಂಡು ಹಿಂಬರಹ ಕೊಡಿ" ಎಂದೆವು. ಅವರು ಏನೇ ಅಂದರೂ ಅದೇ ಮಾತು. ಮಧ್ಯಾಹ್ನ ಮೂರು ಗಂಟೆಗೆ ಕೊಟ್ಟರು. ಎಫ್ಐಆರ್ ಆದರೆ ಅದರ ಪ್ರತಿ ಪುಕ್ಕಟೆ ಕೊಡಬೇಕು, ಕೇಳಿ ತನ್ನಿ. ನಾವು ಮೊದಲೆಲ್ಲ 498ಎ ಎನ್ನುತ್ತಿದ್ದೆವು. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಅದು 85ನೇ ಸೆಕ್ಷನ್. "ವರದಕ್ಷಿಣೆ ಕೊಟ್ಟವರೂ ಒಳಗೆ ಹೋಗ್ತೀರಿ" ಎಂದು ಯಾರಾದರೂ ಹೆದರಿಸಿದರೆ ಇದನ್ನು ನೆನಪಿಡಿ: ನೊಂದವಳು ಕೊಟ್ಟ ಹೇಳಿಕೆಯ ಮೇಲೆ ಅವಳ ವಿರುದ್ಧವೇ ಮೊಕದ್ದಮೆ ಹೂಡುವಂತಿಲ್ಲ ಎಂದು 1961ರ ವರದಕ್ಷಿಣೆ ನಿಷೇಧ ಕಾಯ್ದೆಯಲ್ಲೇ ಇದೆ.

ಬೈಕಿನ ಕತೆ ಪೂರ್ತಿ ಮಾಡಿಬಿಡುತ್ತೇನೆ. ಮದುವೆಯಾಗಿ ಎರಡು ವರ್ಷಕ್ಕೆ ನಾದಿನಿ ಕಂಕುಳಲ್ಲಿ ಕೂಸು, ಕೈಯಲ್ಲೊಂದು ಬ್ಯಾಗು ಹಿಡಿದು ಬಂದಳು. ಈ ಸಲ ಕೇಳಿದ್ದು ಸೈಟಿಗೆ ದುಡ್ಡು. ಬೆನ್ನ ಮೇಲೆ ಬರೆ ಇತ್ತು. ಅತ್ತೆ ಹಿತ್ತಲಿಗೆ ಬಂದು, ನಾನು ಹಾಲು ಕರೆಯುವುದನ್ನು ನೋಡುತ್ತಾ ಸ್ವಲ್ಪ ಹೊತ್ತು ನಿಂತು, "ನಿಮ್ಮ ಸಂಘದ ಸಭೆ ಯಾವತ್ತು?" ಎಂದು ಕೇಳಿದರು. ಗುರುವಾರ ಎಂದೆ. ಗುರುವಾರ ಮಗಳ ಜೊತೆ ತಾವೂ ಬಂದು ಚಾಪೆಯ ಅಂಚಿನಲ್ಲಿ ಕೂತರು.